ದೋಸೆ ಹೊಯ್ಯುವ ಕೈಗೆ ಶೇಕಡಾ ಎಷ್ಟು?

ಪ್ರಶ್ನೆ: ನಾವು ಕುಂದಾಪುರದ ಕಡೆಯವರು. ನನ್ನ ಅಣ್ಣನಿಗೆ 43 ವರ್ಷ, ಇಪ್ಪತ್ತೆರಡು ವರ್ಷದಿಂದ ಮುಂಬಯಿಯ ಹೋಟೆಲುಗಳಲ್ಲಿ ದೋಸೆ ಕೆಲಸ. ಈಗ ಮುಲುಂಡಿನಲ್ಲಿ ಇದ್ದಾರೆ. ಸಂಬಳ 24,000 ರೂಪಾಯಿ ನಗದು, ಊಟ ಮತ್ತು ಕೋಣೆ ಹೋಟೆಲಿನದ್ದೇ. ಐದು ತಿಂಗಳ ಹಿಂದೆ ಠಾಣೆ ನಗರದಲ್ಲಿ ನೆಂಟರ ಮನೆಗೆ ಹೋದವರು ರಾತ್ರಿ ಘೋಡ್‌ಬಂದರ್ ರಸ್ತೆ ದಾಟುವಾಗ ಟೆಂಪೋ ಹೊಡೆಯಿತು. ಬಲ ಮಣಿಕಟ್ಟಿನ ಮೂಳೆ ಪುಡಿಯಾಗಿ ಪ್ಲೇಟು ಹಾಕಿದ್ದಾರೆ. ಬಲಗೈಗೆ 30 ಶೇಕಡಾ ಶಾಶ್ವತ ಅಂಗವೈಕಲ್ಯ ಎಂದು ಡಾಕ್ಟರು ಬರೆದುಕೊಟ್ಟಿದ್ದಾರೆ. ಆಸ್ಪತ್ರೆಯ ಬಿಲ್ಲು 2,60,000. ಅದರಲ್ಲಿ 1,60,000 ಹೋಟೆಲಿನವರು ಮಾಡಿಸಿದ್ದ ಮೆಡಿಕ್ಲೇಮಿನಿಂದ ಬಂತು. ಈಗ ಟೆಂಪೋದ ವಿಮಾ ಕಂಪನಿಯ ಕಡೆಯವರೊಬ್ಬರು, "ಇಡೀ ದೇಹಕ್ಕೆ ಲೆಕ್ಕ ಹಾಕಿದರೆ 10 ಶೇಕಡಾ ಅಷ್ಟೇ. ರಸ್ತೆ ದಾಟಿದ್ದೂ ನಿಮ್ಮದೇ ತಪ್ಪು. ಎರಡೂವರೆ ಲಕ್ಷ ಒಂದು ತಿಂಗಳಲ್ಲಿ ಕೊಡಿಸುತ್ತೇನೆ, ಸಹಿ ಹಾಕಿ" ಎನ್ನುತ್ತಿದ್ದಾರೆ. ಕ್ರಿಮಿನಲ್ ಕೇಸು ಮುಗಿದ ಮೇಲೆ ಕ್ಲೇಮು ಹಾಕಿದರಾಯಿತು ಎಂದು ಪರಿಚಯದವರು ಹೇಳಿದ್ದರಿಂದ ಕೋರ್ಟಿಗೆ ಇನ್ನೂ ಹೋಗಿಲ್ಲ. ಅಣ್ಣನನ್ನು ಧಣಿಗಳು ಈಗ ಗಲ್ಲೆಯಲ್ಲಿ ಕೂರಿಸಿ 12,000 ಕೊಡುತ್ತಿದ್ದಾರೆ. ಇದರಿಂದ ಕೇಸಿಗೆ ತೊಂದರೆಯೇ? ನಾವೇನು ಮಾಡಬೇಕು?

ಉತ್ತರ: ಮೊದಲು ಒಂದು ಮಾತು. ಆ ಕಾಗದಕ್ಕೆ ನಿಮ್ಮ ಅಣ್ಣ ಸಹಿ ಹಾಕಬಾರದು. ಮಿಕ್ಕದ್ದೆಲ್ಲ ನಿಧಾನವಾಗಿ ಓದಬಹುದು, ಇದನ್ನು ಈಗಲೇ ಫೋನ್ ಮಾಡಿ ಅವರಿಗೆ ಹೇಳಿ.

ಎರಡೂವರೆ ಲಕ್ಷ ಎಂಬ ಮೊತ್ತ ಆ ಮನುಷ್ಯ ಸುಮ್ಮನೆ ಹೇಳಿದ್ದಲ್ಲ. ಮೋಟಾರು ವಾಹನ ಕಾಯ್ದೆಯ ಕಲಂ 164 ಪ್ರಕಾರ, ತಪ್ಪು ಯಾರದೆಂದು ಸಾಬೀತು ಮಾಡುವ ಅಗತ್ಯವೇ ಇಲ್ಲದೆ ಕೊಡಬೇಕಾದ ನಿಗದಿತ ಪರಿಹಾರ ಅದು. ಸಾವಾದರೆ 5 ಲಕ್ಷ, ತೀವ್ರ ಗಾಯವಾದರೆ 2.5 ಲಕ್ಷ. ಮೂಳೆ ಮುರಿದರೆ ಅದು ಕಾನೂನಿನ ಕಣ್ಣಿಗೆ ತೀವ್ರ ಗಾಯವೇ. ಚಾಲಕನ ತಪ್ಪಿಗೆ ಸಾಕ್ಷ್ಯ ಸಿಗದ ಬಡವರಿಗೆ ಈ ಕಲಂ ದೊಡ್ಡ ಆಸರೆ. ಆದರೆ ಅದರ ಬೆನ್ನಿಗೇ ಇನ್ನೊಂದು ಮಾತಿದೆ. ಈ ಹಣವನ್ನು ಕಾಯ್ದೆಯ ಕ್ರಮದಂತೆ ಒಪ್ಪಿ ಪಡೆದರೆ, ಪೂರ್ಣ ಪರಿಹಾರಕ್ಕಾಗಿ ಕಲಂ 166ರ ಅಡಿ ಹಾಕುವ ಅರ್ಜಿ ಅಲ್ಲಿಗೇ ಬಿದ್ದುಹೋಗುತ್ತದೆ. ಸಹಿ ಹಾಕಿಸಲು ಬಂದವರು ಅದನ್ನು ಹೇಳಿರಲಿಕ್ಕಿಲ್ಲ. ಯಾವ ಕಲಮಿನ ಅಡಿ ಈ ಹಣ ಎಂದು ಬರವಣಿಗೆಯಲ್ಲಿ ಕೇಳಿ.

ಎರಡನೆಯದು ಗಡುವು. 1994ರಿಂದ 2022ರವರೆಗೆ ಕ್ಲೇಮು ಹಾಕಲು ಕಾಲಮಿತಿಯೇ ಇರಲಿಲ್ಲ. ಆ ಕಾಲದವರು ಇವತ್ತಿಗೂ "ಕ್ರಿಮಿನಲ್ ಕೇಸು ಮುಗಿಯಲಿ" ಎಂದು ಒಳ್ಳೆಯ ಮನಸ್ಸಿನಿಂದಲೇ ಹೇಳುತ್ತಾರೆ. ಆದರೆ 2022ರ ಏಪ್ರಿಲ್ 1ರಿಂದ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಹಾಕಬೇಕು. ಈ ಗಡುವನ್ನೇ ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟಿಗೆ ಹೋಗಿವೆ. ಅವು ತೀರ್ಮಾನವಾಗುವವರೆಗೆ ತಡವಾಯಿತೆಂಬ ಕಾರಣಕ್ಕೆ ಕ್ಲೇಮುಗಳನ್ನು ವಜಾ ಮಾಡಬೇಡಿ ಎಂದು ಕೋರ್ಟು 2025ರ ನವೆಂಬರಿನಲ್ಲಿ ಮಧ್ಯಂತರ ಆದೇಶವನ್ನೂ ಕೊಟ್ಟಿತು. ಆದರೂ ಮಧ್ಯಂತರ ಆದೇಶವನ್ನು ನಂಬಿ ಕೂರಬೇಡಿ. ನಿಮಗೆ ಉಳಿದಿರುವುದು ಕೆಲವು ವಾರ. ಕ್ರಿಮಿನಲ್ ಕೇಸಿಗೂ ಇದಕ್ಕೂ ಸಂಬಂಧ ತೀರ ತೆಳು. ಅಲ್ಲಿ ಸಂಶಯಕ್ಕೆ ಎಡೆಯಿಲ್ಲದಂತೆ ಸಾಬೀತಾಗಬೇಕು, ಇಲ್ಲಿ ಹೀಗೇ ಆಗಿರುವ ಸಂಭವ ಹೆಚ್ಚು ಎಂದು ಕಂಡರೆ ಸಾಕು. ಚಾಲಕ ಅಲ್ಲಿ ಖುಲಾಸೆಯಾದರೂ ಇಲ್ಲಿ ಪರಿಹಾರ ಸಿಗಬಹುದು. ಇನ್ನೂ ಒಂದು: ಬಡ್ಡಿ ಲೆಕ್ಕವಾಗುವುದು ಅರ್ಜಿ ಹಾಕಿದ ದಿನದಿಂದ, ಅಪಘಾತದ ದಿನದಿಂದಲ್ಲ. ತಡಮಾಡಿದ ಪ್ರತಿ ತಿಂಗಳೂ ಅಷ್ಟು ನಷ್ಟ.

ಈಗ ಆ ಹತ್ತು ಶೇಕಡಾ ಮಾತಿಗೆ ಬರುತ್ತೇನೆ. ನಿಮ್ಮ ಕೇಸಿನ ಜೀವ ಇರುವುದೇ ಅಲ್ಲಿ.

ಡಾಕ್ಟರು ಬರೆದ 30 ಶೇಕಡಾ ಬಲಗೈಗೆ ಸಂಬಂಧಿಸಿದ್ದು. ವಿಮೆಯವರು ಅದರ ಮೂರನೇ ಒಂದನ್ನು ಇಡೀ ದೇಹದ ಲೆಕ್ಕವೆಂದು ಹಿಡಿದು 10 ಮಾಡಿದ್ದಾರೆ. ವೈದ್ಯಕೀಯವಾಗಿ ಅದು ತಪ್ಪೆಂದು ನಾನು ಹೇಳುವುದಿಲ್ಲ. ಆದರೆ ಅಪಘಾತ ಪರಿಹಾರದ ಕ್ಲೇಮುಗಳನ್ನು ತೀರ್ಮಾನಿಸುವ ನ್ಯಾಯಮಂಡಳಿ ಕೇಳಬೇಕಾದ ಪ್ರಶ್ನೆ ಅದಲ್ಲ. ದೇಹದಲ್ಲಿ ಎಷ್ಟು ಹೋಯಿತು ಎನ್ನುವುದು ಬೇರೆ, ದುಡಿಮೆಯಲ್ಲಿ ಎಷ್ಟು ಹೋಯಿತು ಎನ್ನುವುದು ಬೇರೆ. ಪರಿಹಾರ ಎರಡನೆಯದಕ್ಕೆ. 2010ರ ಅಕ್ಟೋಬರಿನಲ್ಲಿ ರಾಜ್ ಕುಮಾರ್ ವಿರುದ್ಧ ಅಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಎಳೆಎಳೆಯಾಗಿ ಬಿಡಿಸಿ ಹೇಳಿದೆ. ಒಬ್ಬನ ಎಡಗೈ ಕತ್ತರಿಸಿಹೋಯಿತು, ಅಂಗವೈಕಲ್ಯ ಸುಮಾರು 60 ಶೇಕಡಾ ಎಂದಿಟ್ಟುಕೊಳ್ಳಿ. ಅವನು ಚಾಲಕನೋ ಬಡಗಿಯೋ ಆಗಿದ್ದರೆ ದುಡಿಮೆಯ ನಷ್ಟ ಹೆಚ್ಚುಕಡಿಮೆ ನೂರಕ್ಕೆ ನೂರು. ಅವನೇ ಸರ್ಕಾರಿ ಗುಮಾಸ್ತನಾಗಿದ್ದು ಕೆಲಸ ಉಳಿದಿದ್ದರೆ ದುಡಿಮೆಯಲ್ಲಿ ಅಂಥ ನಷ್ಟವೇನೂ ಆಗದೆ ಇರಬಹುದು. ಗಾಯ ಒಂದೇ, ಕೈ ಒಂದೇ. ಆ ಕೈ ಮಾಡುತ್ತಿದ್ದ ಕೆಲಸ ಬೇರೆ. 2020ರ ಪಪ್ಪು ದೇವ್ ಯಾದವ್ ಪ್ರಕರಣದಲ್ಲಿ ಟೈಪಿಂಗ್ ಮಾಡಿ ಬದುಕುತ್ತಿದ್ದ ಯುವಕ ಬಲಗೈ ಕಳೆದುಕೊಂಡಿದ್ದ. ಹೈಕೋರ್ಟು ದುಡಿಮೆಯ ನಷ್ಟವನ್ನು 45 ಶೇಕಡಾ ಎಂದಿತ್ತು, ಸುಪ್ರೀಂ ಕೋರ್ಟು ಅದನ್ನು 65ಕ್ಕೆ ಏರಿಸಿತು. ಡಾಕ್ಟರು ಬರೆದ ಶೇಕಡಾವನ್ನು ಹೀಗೆ ಅರ್ಧಕ್ಕರ್ಧ ಇಳಿಸುವ ರೂಢಿಯನ್ನು ಕಟುವಾಗಿ ಟೀಕಿಸಿತು ಕೂಡ.

ಹಾಗಾಗಿ ನಿಮ್ಮ ಅಣ್ಣನ ಕೈ ದಿನವಿಡೀ ಏನು ಮಾಡುತ್ತಿತ್ತು ಎಂಬುದನ್ನು ನ್ಯಾಯಮಂಡಳಿಯ ಕಣ್ಣಿಗೆ ಕಟ್ಟುವಂತೆ ತೋರಿಸಬೇಕು. ನನ್ನ ಅನುಭವದಲ್ಲಿ ಹೆಚ್ಚಿನ ಕೇಸುಗಳು ಸೋಲುವುದು ಇಲ್ಲೇ. ಅರ್ಜಿಯಲ್ಲಿ "ಅರ್ಜಿದಾರನು ಅಡುಗೆಯವನು" ಎಂದು ಒಂದು ಸಾಲು ಇರುತ್ತದೆ, ಅಷ್ಟೇ. ಅಡುಗೆಯವನು ಅಂದರೆ ಓದುವವರ ಕಣ್ಣಿಗೆ ಬರುವುದು ಸೌಟು ಹಿಡಿದು ಸಾಂಬಾರು ಕದಡುವ ಚಿತ್ರ. ದೋಸೆ ಕಾವಲಿಯ ಮುಂದೆ ನಿಲ್ಲುವವನ ಕೆಲಸ ಅವರಿಗೆ ಗೊತ್ತಿರುವುದಿಲ್ಲ.

ಇಂಥದೇ ಒಂದು ಕೇಸಿಗಾಗಿ ಬೆಳಿಗ್ಗೆ ಆರೂವರೆಗೆ ಒಂದು ಹೋಟೆಲಿನ ಅಡುಗೆಮನೆಯಲ್ಲಿ ಹೋಗಿ ನಿಂತಿದ್ದೆ. ಆ ದೋಸೆಯವರು ಹಿಡಿಸೂಡಿಯನ್ನು ನೀರಿಗೆ ಅದ್ದಿ ಕಾವಲಿಯನ್ನು ಗುಡಿಸುತ್ತಾರೆ. ಮಣಿಕಟ್ಟು ಅತ್ತಿತ್ತ ಹೊರಳಬೇಕು. ಬಟ್ಟಲಲ್ಲಿ ಹಿಟ್ಟು ತೆಗೆದು ಹೊಯ್ದು, ಬಟ್ಟಲ ತಳದಿಂದಲೇ ಒಳಗಿನಿಂದ ಹೊರಗೆ ಸುತ್ತುತ್ತಾರೆ. ಭಾರ ಪೂರ್ತಿ ಬಿಟ್ಟರೆ ದೋಸೆ ಹರಿಯುತ್ತದೆ, ಬಿಡದಿದ್ದರೆ ದಪ್ಪವಾಗುತ್ತದೆ. ಆ ಹದ ಇರುವುದು ಮಣಿಕಟ್ಟಿನಲ್ಲಿ. ಆಮೇಲೆ ಸಟ್ಟುಗದಿಂದ ಅಂಚು ಬಿಡಿಸಿ ಮಗುಚಬೇಕು, ಇದಕ್ಕೆ ಅಂಗೈ ಮೇಲೆ ಕೆಳಗೆ ತಿರುಗಲೇಬೇಕು. ಒಂದು ಸಲಕ್ಕೆ ಕಾವಲಿ ಮೇಲೆ ಆರು ದೋಸೆ, ಮುಂದಿನ ಆರಕ್ಕೆ ಮತ್ತೆ ಹಿಡಿಸೂಡಿ. ನಡುವೆ ಹಿಟ್ಟಿನ ಟೋಪು ಖಾಲಿಯಾದರೆ ತುಂಬಿದ ಟೋಪನ್ನು ಎರಡೂ ಕೈಯಲ್ಲಿ ಎತ್ತಿ ತರಬೇಕು. ನಾನು ನಿಂತಿದ್ದು ಒಂದೂವರೆ ಗಂಟೆ, ಅಷ್ಟರಲ್ಲಿ ಆ ಕೈ ಒಂದು ನಿಮಿಷ ಸುಮ್ಮನಿರಲಿಲ್ಲ. ಆ ದಿನ ನೋಡಿದ್ದನ್ನು ಅಫಿಡವಿಟ್ಟಿನಲ್ಲಿ ಇದ್ದದ್ದು ಇದ್ದಂತೆ ಬರೆಸಿದೆ.

ಯಾಕೆ ಇಷ್ಟು ಹೇಳುತ್ತೇನೆಂದರೆ, ಅದಕ್ಕೂ ಮೊದಲಿನ ಒಂದು ಕೇಸಿನಲ್ಲಿ ನಾನೇ ಎಡವಿದ್ದೆ. ಚಪಾತಿ ಲಟ್ಟಿಸುವವರೊಬ್ಬರು ಕಟಕಟೆಯಲ್ಲಿದ್ದರು. ವಿಮೆಯ ವಕೀಲರು ತುಂಬ ಮೆತ್ತಗೆ ಕೇಳಿದರು: "ಆ ಕೈಯಲ್ಲಿ ನೀರಿನ ಲೋಟ ಹಿಡಿಯಲು ಬರುತ್ತದಲ್ಲ?" ಅವರು ಸತ್ಯವಂತರು, "ಬರುತ್ತದೆ" ಎಂದರು. ತೀರ್ಪಿನಲ್ಲಿ ಆ ಒಂದು "ಬರುತ್ತದೆ" ಎದ್ದು ಕಂಡಿತು. ಲೋಟ ಹಿಡಿಯುವುದಕ್ಕೂ ದಿನಕ್ಕೆ ಐನೂರು ಚಪಾತಿ ಲಟ್ಟಿಸುವುದಕ್ಕೂ ಇರುವ ದೂರವನ್ನು ನಾನು ಮುಂಚೆಯೇ ದಾಖಲೆಗೆ ತಂದಿರಲಿಲ್ಲ. ಅವರ ಮುಖ ನನಗೆ ಇನ್ನೂ ನೆನಪಿದೆ. ನಿಮ್ಮ ಅಣ್ಣ ಸುಳ್ಳು ಹೇಳುವುದು ಬೇಡ, ಬರುವುದನ್ನು ಬರುತ್ತದೆ ಎಂದೇ ಹೇಳಲಿ. ಏನು ಬರುವುದಿಲ್ಲ ಎಂಬುದು ಮಾತ್ರ ಅದಕ್ಕೆ ಮೊದಲೇ ಕಾಗದದ ಮೇಲೆ ಇರಬೇಕು.

ಡಾಕ್ಟರ ವಿಷಯವೂ ಇದೇ. ಬರೀ ಪ್ರಮಾಣಪತ್ರ ಹಾಜರುಪಡಿಸಿದರೆ ಸಾಲದು, ಬರೆದುಕೊಟ್ಟವರು ಅಥವಾ ಚಿಕಿತ್ಸೆ ಮಾಡಿದವರು ಸಾಕ್ಷಿ ಹೇಳಬೇಕು. ಡಾಕ್ಟರುಗಳು ಕೋರ್ಟೆಂದರೆ ಹಿಂಜರಿಯುತ್ತಾರೆ, ಅವರ ಕಷ್ಟವೂ ನಿಜವೇ. ಅವರಿಗೆ ಅನುಕೂಲದ ಹೊತ್ತು ನಿಗದಿ ಮಾಡಿ ಎಂದೋ, ಕೋರ್ಟು ನೇಮಿಸುವ ಕಮಿಷನರರ ಮೂಲಕ ಹೇಳಿಕೆ ಪಡೆಯಿರಿ ಎಂದೋ ಕೇಳಿಕೊಳ್ಳಬಹುದು. ರಾಜ್ ಕುಮಾರ್ ತೀರ್ಪೇ ಅದಕ್ಕೆ ದಾರಿ ತೋರಿಸಿದೆ. ಡಾಕ್ಟರನ್ನು ಕಾಣಲು ಹೋದಾಗ ಅಣ್ಣನ ಕೆಲಸ ಏನೆಂದು ವಿವರಿಸಿ. ಮಣಿಕಟ್ಟು ಎಷ್ಟು ಡಿಗ್ರಿ ಬಾಗುತ್ತದೆ, ಅಂಗೈ ಎಷ್ಟು ತಿರುಗುತ್ತದೆ, ಹಿಡಿತದ ಬಲ ಎಡಗೈಗೆ ಹೋಲಿಸಿದರೆ ಎಷ್ಟು ಎಂದು ಅಳೆದು ಬರೆಯಲು ವಿನಂತಿಸಿ. ಪ್ಲೇಟು ತೆಗೆಯಲು ಮುಂದೆ ಇನ್ನೊಂದು ಶಸ್ತ್ರಚಿಕಿತ್ಸೆ ಬೇಕಾದರೆ ಅದರ ಅಂದಾಜು ಖರ್ಚನ್ನೂ ಲೆಟರ್‌ಹೆಡ್ ಮೇಲೆ ಬರೆಸಿಕೊಳ್ಳಿ. ಮುಂದಿನ ಚಿಕಿತ್ಸೆಯ ಖರ್ಚೂ ಪರಿಹಾರದ ಭಾಗ.

ಶೇಕಡಾದಿಂದ ಎಷ್ಟು ವ್ಯತ್ಯಾಸವಾಗುತ್ತದೆ ಎಂದು ಒಮ್ಮೆ ಲೆಕ್ಕ ಹಾಕಿ ನೋಡೋಣ. ಸಂಬಳ 24,000. 2017ರ ಪ್ರಣಯ್ ಸೇಠಿ ತೀರ್ಪಿನ ಪ್ರಕಾರ, ಖಾಯಂ ನೌಕರಿಯಲ್ಲದೆ ನಿಗದಿತ ಸಂಬಳಕ್ಕೆ ದುಡಿಯುವ 40ರಿಂದ 50ರೊಳಗಿನವರಿಗೆ ಮುಂದಿನ ಸಂಬಳ ಏರಿಕೆಯೆಂದು 25 ಶೇಕಡಾ ಸೇರಿಸಬೇಕು. ಗಾಯದ ಪ್ರಕರಣಕ್ಕೂ ಇದು ಅನ್ವಯ. ಅಲ್ಲಿಗೆ 30,000, ವರ್ಷಕ್ಕೆ 3,60,000. 2009ರ ಸರಳಾ ವರ್ಮಾ ತೀರ್ಪಿನ ಪಟ್ಟಿಯಲ್ಲಿ 41ರಿಂದ 45 ವಯಸ್ಸಿಗೆ ಗುಣಕ, ಅಂದರೆ ವರ್ಷದ ದುಡಿಮೆಯನ್ನು ಗುಣಿಸಬೇಕಾದ ಸಂಖ್ಯೆ, 14. ಗುಣಿಸಿದರೆ 50,40,000. ಗಾಯಾಳು ಬದುಕಿರುವುದರಿಂದ ಸ್ವಂತ ಖರ್ಚೆಂದು ಇದರಲ್ಲಿ ಮೂರನೇ ಒಂದು ಪಾಲು ಕಳೆಯುವಂತಿಲ್ಲ. ಇದರ 10 ಶೇಕಡಾ ಹಿಡಿದರೆ 5,04,000. ಅಂದರೆ ಅವರದೇ ಲೆಕ್ಕ ಒಪ್ಪಿದರೂ ಎರಡೂವರೆ ಲಕ್ಷದ ಎರಡರಷ್ಟಾಯಿತು, ಅದೂ ಭವಿಷ್ಯದ ದುಡಿಮೆ ಎಂಬ ಒಂದೇ ಬಾಬ್ತಿನಲ್ಲಿ. 30 ಶೇಕಡಾ ಆದರೆ 15,12,000. 50 ಆದರೆ 25,20,000. ನ್ಯಾಯಮಂಡಳಿ ಎಷ್ಟಕ್ಕೆ ನಿಲ್ಲುತ್ತದೆ ಎಂದು ನಾನು ಮಾತು ಕೊಡಲಾರೆ. ಹೋರಾಟ ಯಾವ ಅಂಕಿಯ ಮೇಲೆ ಎಂಬುದು ನಿಮಗೆ ಗೊತ್ತಿರಲಿ.

ಆದರೆ ಈ ಗುಣಾಕಾರವೆಲ್ಲ 24,000 ಸಾಬೀತಾದರೆ ಮಾತ್ರ. ಇಲ್ಲವಾದರೆ ಕನಿಷ್ಠ ವೇತನದ ಆಸುಪಾಸಿನಲ್ಲಿ ಒಂದು ಅಂದಾಜು ಹಿಡಿಯುತ್ತಾರೆ. ಹೋಟೆಲಿನ ನಗದು ಸಂಬಳಕ್ಕೆ ಚೀಟಿ ಎಲ್ಲಿರುತ್ತದೆ? ಧಣಿಗಳು ಪತ್ರ ಕೊಟ್ಟರೆ ಒಳ್ಳೆಯದು, ಬಂದು ಸಾಕ್ಷಿ ಹೇಳಿದರೆ ಇನ್ನೂ ಒಳ್ಳೆಯದು. ಸಂಬಳದ ಪುಸ್ತಕ ಇಟ್ಟಿದ್ದರೆ ಅದನ್ನೂ ತರಲಿ. ಊಟ ಮತ್ತು ಕೋಣೆ ಕೊಡುತ್ತಿದ್ದರು ಎಂಬುದನ್ನೂ ಅದರಲ್ಲಿ ಬರೆಸಿ, ಅದಕ್ಕೂ ಬೆಲೆ ಕಟ್ಟಬೇಕೆಂದು ವಾದಿಸಬಹುದು. ಇನ್ನೊಂದು ದಾಖಲೆ ನಮ್ಮವರ ಹತ್ತಿರ ಯಾವಾಗಲೂ ಇರುತ್ತದೆ, ಯಾರಿಗೂ ನೆನಪಾಗುವುದಿಲ್ಲ. ಅತ್ತಿಗೆಯ ಬ್ಯಾಂಕ್ ಪಾಸ್‌ಬುಕ್. ತಿಂಗಳು ತಿಂಗಳೂ ಮುಂಬಯಿಯಿಂದ ಊರಿಗೆ ಬಂದು ಬಿದ್ದ ಹಣ ಅದರಲ್ಲಿರುತ್ತದೆ. ಹದಿನೈದು ಸಾವಿರ ಊರಿಗೆ ಕಳಿಸುತ್ತಿದ್ದವನ ಸಂಬಳ ಹನ್ನೆರಡು ಸಾವಿರ ಎಂದು ಯಾರು ಹೇಳಲು ಸಾಧ್ಯ? ಮೂರು ವರ್ಷದ ಎಂಟ್ರಿ ಹಾಕಿಸಿ ತರಿಸಿಕೊಳ್ಳಿ.

ಮೆಡಿಕ್ಲೇಮಿನಿಂದ ಬಂದ 1,60,000 ಕಳೆದು ಉಳಿದ ಒಂದು ಲಕ್ಷ ಮಾತ್ರ ಕೊಡುತ್ತೇವೆ ಎಂದು ವಿಮೆಯವರು ಖಂಡಿತ ಹೇಳುತ್ತಾರೆ. ಮಹಾರಾಷ್ಟ್ರದಲ್ಲಿ ಈ ಪ್ರಶ್ನೆ ಬಹಳ ಕಾಲ ಎರಡು ದಿಕ್ಕಿಗೆ ಎಳೆದಾಡಿತ್ತು. 2025ರ ಮಾರ್ಚಿನಲ್ಲಿ ಬಾಂಬೆ ಹೈಕೋರ್ಟಿನ ಪೂರ್ಣಪೀಠ ಅದನ್ನು ತೀರ್ಮಾನಿಸಿತು: ಮೆಡಿಕ್ಲೇಮಿನ ಹಣ ಪ್ರೀಮಿಯಂ ಕಟ್ಟಿದ ಬೇರೆಯೇ ಒಪ್ಪಂದದಿಂದ ಬಂದದ್ದು, ಅದನ್ನು ಪರಿಹಾರದಲ್ಲಿ ಮುರಿದುಕೊಳ್ಳುವಂತಿಲ್ಲ. ಹಾಗಾಗಿ ಪೂರ್ತಿ 2,60,000 ಕೇಳಿ. ಬಿಲ್ಲುಗಳ ಮೂಲಪ್ರತಿ ಮೆಡಿಕ್ಲೇಮಿನವರ ಹತ್ತಿರ ಹೋಗಿರುತ್ತದೆ, ಆಸ್ಪತ್ರೆಯಿಂದ ದೃಢೀಕರಿಸಿದ ನಕಲು ತೆಗೆಸಿ.

ಕೆಲಸಕ್ಕೆ ಹೋಗಲಾಗದ ತಿಂಗಳುಗಳ ಸಂಬಳ, ಆಸ್ಪತ್ರೆಗೆ ಓಡಾಡಿದ ರಿಕ್ಷಾ, ವಿಶೇಷ ಆಹಾರ, ಜೊತೆಗಿದ್ದವರ ಖರ್ಚು ಇವೆಲ್ಲ ಬೇರೆ ಬಾಬ್ತುಗಳು. ಮನೆಯವರೇ ನೋಡಿಕೊಂಡರು ಎಂದು ಆರೈಕೆಯ ಖರ್ಚು ಬಿಡಬೇಡಿ. ಅತ್ತಿಗೆ ಊರು ಬಿಟ್ಟು ಬಂದು ತಲೆ ಬಾಚುವುದರಿಂದ ಅಂಗಿಯ ಗುಂಡಿ ಹಾಕುವವರೆಗೆ ಮಾಡಿದ್ದರೆ ಅದೂ ದುಡಿಮೆಯೇ. ಇವುಗಳ ಜೊತೆಗೆ ನೋವಿಗೆ ಒಂದಿಷ್ಟು, ಮೊದಲಿನಂತೆ ಬದುಕಲಾಗದ್ದಕ್ಕೆ ಒಂದಿಷ್ಟು. ಹಣದಲ್ಲಿ ಅಳೆಯಬಹುದಾದದ್ದು, ಅಳೆಯಲಾಗದ್ದು ಎಂಬ ಈ ವಿಂಗಡಣೆಗೆ ವಕೀಲರು ಇಂದಿಗೂ ಉದಾಹರಿಸುವುದು 1995ರ ಆರ್.ಡಿ. ಹಟ್ಟಂಗಡಿ ಪ್ರಕರಣ. ಸೊಂಟದ ಕೆಳಗೆ ಸ್ವಾಧೀನ ಕಳೆದುಕೊಂಡ ವಕೀಲರೊಬ್ಬರ ಕ್ಲೇಮು ಅದು. ಹಟ್ಟಿಯಂಗಡಿ ನಿಮ್ಮ ಕುಂದಾಪುರದ ಪಕ್ಕದ ಊರೇ ಆದ್ದರಿಂದ ಈ ಹೆಸರು ನಿಮಗೆ ಮರೆಯಲಿಕ್ಕಿಲ್ಲ. ಅರ್ಜಿಯಲ್ಲಿ ಕೇಳಿದ ಮೊತ್ತ ಕಡಿಮೆಯಾಯಿತೇನೋ ಎಂಬ ಭಯವೂ ಬೇಡ. ಕೇಳಿದ್ದಕ್ಕಿಂತ ಹೆಚ್ಚು ನ್ಯಾಯವೆಂದು ಕಂಡರೆ ನ್ಯಾಯಮಂಡಳಿ ಹೆಚ್ಚೇ ಕೊಡಬಹುದು ಎಂದು ನಾಗಪ್ಪ ವಿರುದ್ಧ ಗುರುದಯಾಳ್ ಸಿಂಗ್ ಪ್ರಕರಣದಲ್ಲಿ ತೀರ್ಮಾನವಾಗಿದೆ.

"ರಸ್ತೆ ದಾಟಿದ್ದು ನಿಮ್ಮ ತಪ್ಪು" ಎನ್ನುವ ಮಾತಿಗೆ ಹೆದರಬೇಡಿ. ಅದನ್ನು ಸಾಬೀತು ಮಾಡುವ ಹೊಣೆ ಹಾಗೆ ಹೇಳುವವರ ಮೇಲಿದೆ. ಅದಕ್ಕೆ ಅವರು ಟೆಂಪೋ ಚಾಲಕನನ್ನು ಕಟಕಟೆಗೆ ತರಬೇಕಾಗುತ್ತದೆ, ಬಹಳ ಸಲ ತರುವುದೇ ಇಲ್ಲ. ನೀವು ಮಾಡಬೇಕಾದದ್ದು ಪೊಲೀಸ್ ಠಾಣೆಗೆ ಹೋಗಿ ಎಫ್‌ಐಆರ್, ಸ್ಥಳ ಪಂಚನಾಮೆ, ನಕ್ಷೆ ಇವುಗಳ ಪ್ರತಿ ಪಡೆಯುವುದು. 2022ರ ನಿಯಮಗಳ ಪ್ರಕಾರ ತನಿಖಾಧಿಕಾರಿ 48 ಗಂಟೆಯೊಳಗೆ ಮೊದಲ ಅಪಘಾತ ವರದಿಯನ್ನೂ, 90 ದಿನದೊಳಗೆ ವಿವರವಾದ ವರದಿಯನ್ನೂ ನ್ಯಾಯಮಂಡಳಿಗೆ ಸಲ್ಲಿಸಬೇಕು. ಐದು ತಿಂಗಳಾದ್ದರಿಂದ ಅದು ಸಲ್ಲಿಕೆಯಾಗಿದೆಯೇ ಎಂದು ಕೇಳಿ. ನಿಮ್ಮ ಸ್ವಂತ ಅರ್ಜಿಯನ್ನಂತೂ ಅದಕ್ಕಾಗಿ ಕಾಯಿಸಬೇಡಿ. ಪಂಚನಾಮೆ ಮರಾಠಿಯಲ್ಲಿರುತ್ತದೆ. ಬ್ರೇಕಿನ ಗುರುತು ಎಲ್ಲಿತ್ತು, ರಕ್ತ ಎಲ್ಲಿ ಬಿದ್ದಿತ್ತು, ರಸ್ತೆಯ ಅಂಚಿನಿಂದ ಎಷ್ಟು ಅಡಿ ಎಂಬುದನ್ನು ಮರಾಠಿ ಬಲ್ಲವರನ್ನು ಕೂರಿಸಿಕೊಂಡು ಸಾಲು ಸಾಲಾಗಿ ಓದಿಸಿ. ರಸ್ತೆ ಮುಕ್ಕಾಲು ದಾಟಿ ಆಗಿತ್ತು ಎಂದು ಅದರಿಂದ ಗೊತ್ತಾದರೆ ಅವರ ವಾದ ಅಲ್ಲಿಗೆ ಸಡಿಲ. ಚಾಲಕನ ಲೈಸೆನ್ಸ್ ಸರಿಯಿಲ್ಲ ಎಂದು ಕಂಪನಿ ತಕರಾರು ತೆಗೆದರೂ ದಾರಿಹೋಕನಿಗೆ ಮೊದಲು ಹಣ ಕೊಟ್ಟು ಆಮೇಲೆ ಮಾಲೀಕನಿಂದ ವಸೂಲು ಮಾಡಿಕೊಳ್ಳಿ ಎಂದು ನ್ಯಾಯಮಂಡಳಿ ಆದೇಶಿಸಬಹುದು.

ಎಲ್ಲಿ ಹಾಕುವುದು? ಅಪಘಾತ ಠಾಣೆ ನಗರದಲ್ಲಿ ಆದದ್ದರಿಂದ ಅಲ್ಲಿಯ ನ್ಯಾಯಮಂಡಳಿ, ಅಣ್ಣ ವಾಸವಿರುವುದು ಮುಲುಂಡ್ ಆದ್ದರಿಂದ ಮುಂಬಯಿಯದು, ಎರಡೂ ಆಗುತ್ತದೆ. ಅವರು ಕೆಲಸ ಬಿಟ್ಟು ಊರಿಗೇ ಹೋಗಿ ನೆಲೆಸಿದರೆ ಕುಂದಾಪುರದ ದಾರಿಯೂ ತೆರೆದುಕೊಳ್ಳುತ್ತದೆ. ನಮ್ಮವರಿಗೆ ಊರಿನ ಕೋರ್ಟೆಂದರೆ ಧೈರ್ಯ, ಅದು ನನಗೆ ಅರ್ಥವಾಗುತ್ತದೆ. ಆದರೆ ಈ ಕೇಸಿನ ಎರಡು ಮುಖ್ಯ ಸಾಕ್ಷಿಗಳು, ಡಾಕ್ಟರು ಮತ್ತು ಧಣಿಗಳು, ಇಬ್ಬರೂ ಇಲ್ಲಿದ್ದಾರೆ. ಆದ್ದರಿಂದ ಮುಂಬಯಿ ಎಂದೇ ನನ್ನ ಅಭಿಪ್ರಾಯ. ಬಂದದ್ದರಲ್ಲಿ ಇಷ್ಟು ಶೇಕಡಾ ಕೊಡಿ ಎನ್ನುವ ವಕೀಲರ ಹತ್ತಿರ ಹೋಗಬೇಡಿ, ಬಾರ್ ಕೌನ್ಸಿಲ್ ನಿಯಮ ಅದನ್ನು ನಿಷೇಧಿಸಿದೆ. ಫೀಸು ಕಷ್ಟವಾದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಡಿ, ಅರ್ಹರಿಗೆ ಅಲ್ಲಿ ಉಚಿತವಾಗಿ ವಕೀಲರನ್ನು ಕೊಡುತ್ತಾರೆ. ಮುಂದೆ ಲೋಕ ಅದಾಲತ್ತಿನಲ್ಲಿ ರಾಜಿಯ ಮಾತು ಬಂದೇ ಬರುತ್ತದೆ. ಬೇಗ ಹಣ ಕೈಗೆ ಬರುವುದಾದರೆ ರಾಜಿ ತಪ್ಪಲ್ಲ. ಅಲ್ಲಿ ಆದ ತೀರ್ಮಾನಕ್ಕೆ ಅಪೀಲು ಇರುವುದಿಲ್ಲವಾದ್ದರಿಂದ ಡಾಕ್ಟರ ಸಾಕ್ಷ್ಯ ಮುಗಿದ ಮೇಲೆ ಆ ಮಾತಿಗೆ ಕೂರುವುದು ನಿಮಗೆ ಲಾಭ.

ಕೊನೆಗೆ ಗಲ್ಲೆಯ ಕೆಲಸ. ಅದನ್ನು ಮುಚ್ಚಿಡಬೇಕೆಂದು ಯಾರಾದರೂ ಸಲಹೆ ಕೊಟ್ಟಾರು, ಕೇಳಬೇಡಿ. ಸಿಕ್ಕಿಬಿದ್ದರೆ ಇಡೀ ಕೇಸಿನ ಮೇಲಿನ ನಂಬಿಕೆ ಹೋಗುತ್ತದೆ. ಅದೂ ಅಲ್ಲದೆ ಆ ಕೆಲಸವೇ ನಿಮ್ಮ ಕಡೆಯ ಗಟ್ಟಿ ಪುರಾವೆ. ದೋಸೆ ಕಾವಲಿಯ ಮುಂದೆ 24,000 ಸಿಗುತ್ತಿದ್ದ ಮನುಷ್ಯನಿಗೆ ಈ ಕೈಯಿಂದ ಈಗ ಸಿಗುತ್ತಿರುವುದು 12,000. ನಷ್ಟ ಅರ್ಧ ಎಂದು ಹೇಳಲು ಇದಕ್ಕಿಂತ ನೇರವಾದ ಲೆಕ್ಕ ಬೇಕೆ? ಅಣ್ಣನನ್ನು ಯಾವ ದಿನಾಂಕದಿಂದ ಗಲ್ಲೆಗೆ ಕೂರಿಸಿದರು, ಯಾಕೆ ಕೂರಿಸಿದರು, ಕಾವಲಿಯ ಮುಂದೆ ಮತ್ತೆ ನಿಲ್ಲಿಸಿ ನೋಡಿದ್ದರೆ ಎಷ್ಟು ಹೊತ್ತು ನಿಲ್ಲಲಾಯಿತು ಎಂಬುದನ್ನೆಲ್ಲ ಧಣಿಗಳು ತಮ್ಮ ಪತ್ರದಲ್ಲಿ ಬರೆಯಲಿ. ಈಗಿನ 12,000ಕ್ಕಾದರೂ ನಗದು ಬೇಡ, ಬ್ಯಾಂಕಿಗೇ ಹಾಕಲಿ. ಈ ವಾರ ಆ ಪತ್ರ, ಡಾಕ್ಟರ ಪ್ರಮಾಣಪತ್ರ, ಎಫ್‌ಐಆರ್ ಪ್ರತಿ, ಅಣ್ಣನ ಆಧಾರ್ ಇಷ್ಟು ಕೈಯಲ್ಲಿದ್ದರೆ ಅರ್ಜಿ ಹಾಕಲು ಸಾಕು. ಉಳಿದ ಬಿಲ್ಲು, ಪಾಸ್‌ಬುಕ್ಕುಗಳನ್ನು ಆಮೇಲೆ ಸೇರಿಸಬಹುದು.